ಭೂರಿ ನಿಂತ ಜಾಗ

ಹೋದ ಭಾನುವಾರ ಸಂಜೆ ಬೆಳಗಾವಿಯ ಕೋಟೆ ಕೆರೆಯ ದಂಡೆಯಲ್ಲಿ ನನ್ನ ಮಗಳು ಸವಿತಾ ಸೆರಗು ಹಿಡಿದು ಜಗ್ಗತೊಡಗಿದಳು. "ಅವ್ವಾ, ಒಂಟಿ ನೋಡ! ನಾ ಅದರ ಮ್ಯಾಲೆ ಕುಂದರಾಕಿ!" ಬಣ್ಣದ ಕೌದಿ ಹೊದೆಸಿ, ಕೊರಳಿಗೆ ಗಂಟೆ ಕಟ್ಟಿದ ಒಂದು ಒಂಟೆ ಮಕ್ಕಳನ್ನು ಹೊತ್ತು ಅತ್ತಿಂದಿತ್ತ ನಡೆಯುತ್ತಿತ್ತು. ಬೇಸಿಗೆ ಸೂಟಿ, ದಂಡೆಯ ತುಂಬ ಜನ, ಚುರುಮುರಿ ಗಾಡಿಗಳ ಗದ್ದಲ. ನಾನು ಆಯಿತು ಎನ್ನುವಷ್ಟರಲ್ಲಿ ಗಾಳಿ ತಿರುಗಿತು. ತೊಯ್ದ ಕಂಬಳಿಗೆ ಹುಳಿತ ಹುಲ್ಲು ಬೆರೆಸಿದಂಥ ಆ ವಾಸನೆ ಮೂಗಿಗೆ ಬಡಿಯಿತು. ಸವಿತಾ ಹಾಲು ಬಿಟ್ಟು ವರ್ಷಗಳಾಗಿವೆ. ಆದರೂ ನನ್ನ ಎದೆ ಹಾಲು ಇಳಿಯುವಾಗಿನ ಹಾಗೆ ಜುಮ್ಮೆಂದು ಬಿಗಿಯಿತು. ಮಗಳನ್ನು ಒಂಟೆಯವನ ಕೈಗೆ ಕೊಟ್ಟು ನಾನು ದೂರದ ಕಟ್ಟೆಯ ಮೇಲೆ ಕುಳಿತುಬಿಟ್ಟೆ.

ಮನೆಗೆ ಬಂದು, ಪೇಪರ್ ಓದುತ್ತ ಕುಳಿತಿದ್ದ ನನ್ನ ಗಂಡನಿಗೆ, "ಕೆರಿ ದಂಡ್ಯಾಗ ಒಂಟಿ ಬಂದಾವ್ರಿ" ಎಂದೆ. ಅವರು ಪೇಪರ್ ಮಡಚಿ ಪಕ್ಕಕ್ಕಿಟ್ಟರು. ಆಮೇಲೆ ಗೋಡೆಯನ್ನೇ ನೋಡುತ್ತ, "ನಾಳಿಗೆ ಖಾನಾಪುರಕ್ಕ ಹೋಗಿ ಬರೂಣೇನು?" ಎಂದರು. ಬೆಳಗಾವಿಗೆ ಬಂದ ಮೇಲೆ ನಮ್ಮಿಬ್ಬರ ಬಾಯಲ್ಲೂ ಆ ಊರಿನ ಹೆಸರು ಬಂದದ್ದು ಅಪರೂಪ.

ಖಾನಾಪುರಕ್ಕೆ ನಾನು ಬಂದದ್ದು ಮದುವೆಯಾಗಿ, ಪಾರಿಶ್ವಾಡದಿಂದ. ಇವರು ಅಲ್ಲಿನ ಒಂದು ಹಂಚಿನ ಕಾರ್ಖಾನೆಯಲ್ಲಿ ಮಣ್ಣಿನ ಕಡೆಯ ಮೇಲ್ವಿಚಾರಕರು. ಯಾವ ಹೊಲದಲ್ಲಿ ಎಷ್ಟು ಆಳ ಅಗೆಯಬೇಕು, ಯಾವ ಜೇಡಿಗೆ ಯಾವುದನ್ನು ಬೆರೆಸಬೇಕು ಎಂದು ನಿರ್ಧರಿಸುವ ಕೆಲಸ. ಮನುಷ್ಯ ಮಾತಿಗಿಂತ ಮಣ್ಣನ್ನೇ ಹೆಚ್ಚು ಬಲ್ಲವರು ಎಂದು ನಾನು ಆಗಾಗ ಚುಚ್ಚುತ್ತಿದ್ದೆ, ಈಗಲೂ ಚುಚ್ಚುತ್ತೇನೆ. ಕಾರ್ಖಾನೆಯ ಬೇಲಿಗೆ ಹತ್ತಿಯೇ ನಮ್ಮ ಮನೆ. ಅಡುಗೆಮನೆಯ ಕಿಟಕಿಯಿಂದ ಹಂಚು ಸುಡುವ ಭಟ್ಟಿಯ ಚಿಮಣಿ, ಹಂಚು ಒಣಗಿಸುವ ಉದ್ದನೆಯ ಚಪ್ಪರ, ಅದರಾಚೆ ಮಣ್ಣು ಅಗೆದ ದೊಡ್ಡ ಗುಂಡಿ, ಗುಂಡಿಯ ಮೇಲ್ಗಡೆ ಇನ್ನೂ ಅಗೆಯದ ದಿಬ್ಬ, ದಿಬ್ಬದ ಅಂಚಿಗೆ ಒಂದು ಹೊನ್ನೆ ಮರ ಕಾಣುತ್ತಿದ್ದವು. ನಾನು ಹೇಳಬೇಕಾದದ್ದೆಲ್ಲ ನಡೆದದ್ದು ಈ ಕಿಟಕಿಯಳತೆಯ ಜಾಗದಲ್ಲಿಯೇ.

ತುರ್ತು ಪರಿಸ್ಥಿತಿ ಮುಗಿದ ಮರುವರ್ಷ. ಮಳೆಗಾಲದ ಮೊದಲ ಮಿರಗದ ಮಳೆ ಹಿಡಿದ ದಿನವೇ ಒಂಟೆಗಳು ಬಂದವು. ನನಗೆ ದಿನ ತುಂಬಿದ್ದವು. ತವರಿನಲ್ಲಿ ಅವ್ವ ಇರಲಿಲ್ಲವಾದ್ದರಿಂದ ಅತ್ತೆಯೇ ಬಾಣಂತನ ಮಾಡುತ್ತೇನೆಂದು ನನ್ನನ್ನು ಇಟ್ಟುಕೊಂಡಿದ್ದರು. ಕಿಟಕಿಯಲ್ಲಿ ನಿಂತು ನೋಡುತ್ತಿದ್ದೆ. ಮಳೆಯ ಪರದೆಯೊಳಗಿಂದ ಮೊದಲು ಒಂದು ಉದ್ದನೆಯ ಕೊರಳು ಬಂತು, ಆಮೇಲೆ ಮೈ, ಅದರ ಬಗಲಿಗೆ ಅಂಟಿಕೊಂಡು ಬೆಳ್ಳಗಿನ ಒಂದು ಮರಿ. ಹಿಂದೆ ಕೆಂಪು ಪೇಟದ ಗಂಡಸು, ಘಾಗ್ರಾ ಮೇಲೆತ್ತಿ ಕಟ್ಟಿದ ಹೆಂಗಸು. ಮಾರವಾಡದ ಕಡೆಯವರು. ಚಳಿಗಾಲದಲ್ಲಿ ಗೋವಾದ ಸಮುದ್ರದ ದಂಡೆಯಲ್ಲಿ ಸವಾರಿ ಕೊಡಲು ಹೋಗಿದ್ದರಂತೆ. ಅಲ್ಲಿಯೇ ಒಂಟೆ ಈದು, ಮರಿಯ ಕಾಲು ಗಟ್ಟಿಯಾಗಲಿ ಎಂದು ತಡೆದು, ಘಟ್ಟ ಹತ್ತಿ ಲೋಂಡಾ ದಾಟುವಷ್ಟರಲ್ಲಿ ಮಳೆ ಹಿಂದಿನಿಂದ ಬಂದು ಹಿಡಿಯಿತು. ಅವರ ಜೊತೆಯವರೆಲ್ಲ ಆಗಲೇ ಬೆಳಗಾವಿ ದಾಟಿ ಒಣ ಸೀಮೆ ಸೇರಿದ್ದರು. ಒಂಟೆಯ ಕಾಲು ಮರಳಿಗಾಗಿ ಮಾಡಿದ್ದು, ನಮ್ಮ ಕೆಂಪು ಕೆಸರಿನಲ್ಲಿ ಅದು ಎಣ್ಣೆ ಹಚ್ಚಿದ ನೆಲದ ಮೇಲೆ ನಡೆದ ಹಾಗೆ ಜಾರುತ್ತದೆ. ಮುಂದೆ ಹೋಗುವಂತಿರಲಿಲ್ಲ.

ಇವರು ಮಾಲೀಕರನ್ನು ಕೇಳಿ ಭಟ್ಟಿಯ ಬಗಲಿನ ಚಪ್ಪರದಲ್ಲಿ ಅವರಿಗೆ ಜಾಗ ಕೊಡಿಸಿದರು. ಗಂಡಸಿನ ಹೆಸರು ಹರಜಿ. ಹೆಂಡತಿ ರೂಪಿ, ಹೆಚ್ಚುಕಡಿಮೆ ನನ್ನ ವಯಸ್ಸಿನವಳು. ಒಂಟೆಯ ಹೆಸರು ಭೂರಿ. ಅವರ ಮಾತು ಅರ್ಧ ಮರಾಠಿ, ಅರ್ಧ ಅವರ ಸೀಮೆಯದು. ನನಗೆ ಮರಾಠಿ ಬರುತ್ತಿತ್ತು, ಉಳಿದದ್ದನ್ನು ಕೈಸನ್ನೆ ಮುಗಿಸುತ್ತಿತ್ತು. ಈಗ ನೆನೆಸಿಕೊಂಡರೆ ಅವರು ನಮ್ಮ ಕನ್ನಡದಲ್ಲೇ ಮಾತಾಡಿದಂತೆ ಕೇಳಿಸುತ್ತದೆ, ಹಾಗೆಯೇ ಬರೆಯುತ್ತೇನೆ.

ಊರಿನ ಹೆಂಗಸರು ಮಳೆಯಲ್ಲಿಯೇ ಕೊಡೆ ಹಿಡಿದು ಒಂಟೆ ನೋಡಲು ಬಂದರು. ಒಂಟೆಯ ಕೂದಲು ಕಟ್ಟಿದರೆ ಮಕ್ಕಳು ಬೆಚ್ಚಿ ಬೀಳುವುದಿಲ್ಲ ಎಂಬ ನಂಬಿಕೆ ನಮ್ಮ ಕಡೆಯವರಲ್ಲಿ ಕೆಲವರಿಗಿತ್ತು. "ನಾತ ತಡಿಯಾಕ ಆಗೂದಿಲ್ಲ, ಮೂಗ ಮುಚ್ಚಿಕೊಂಡ ಉಣ್ಣೂ ಹಂಗಾತು" ಎಂದು ಗೊಣಗುತ್ತಿದ್ದ ನಮ್ಮ ಅತ್ತೆಯೂ ಮೊಮ್ಮಗ ಹುಟ್ಟಿದ ಎರಡನೆಯ ದಿನವೇ ಕೈಯಲ್ಲಿ ಕರಿ ದಾರ ಹಿಡಿದು ಚಪ್ಪರಕ್ಕೆ ಹೋದರು. ಹರಜಿ ಭೂರಿಯ ಕೊರಳಿನಿಂದ ನಾಲ್ಕು ಎಳೆ ಕಿತ್ತು ಕೊಟ್ಟು, ಅದಕ್ಕೆ ಏನೂ ತೆಗೆದುಕೊಳ್ಳದೆ, ಒಂದು ಕಥೆಯನ್ನೂ ಹೇಳಿ ಕಳಿಸಿದ. ಒಮ್ಮೆ ಪಾರ್ವತಿ ಬೇಸರ ಕಳೆಯಲು ಮಣ್ಣಿನಲ್ಲಿ ಒಂದು ವಿಚಿತ್ರ ಪ್ರಾಣಿಯ ಗೊಂಬೆ ಮಾಡಿದಳಂತೆ. ಜೀವ ಕೊಡು ಎಂದು ಶಿವನಿಗೆ ಗಂಟುಬಿದ್ದಳಂತೆ. ಕೊಟ್ಟರೆ ಅದು ಕೈಲಾಸದ ತುಂಬ ದಾಂಧಲೆ ಎಬ್ಬಿಸಿತಂತೆ. ಅದನ್ನು ಕಾಯಲೆಂದೇ ಶಿವ ತನ್ನ ಮೈಯಿಂದ ಒಬ್ಬ ಮನುಷ್ಯನನ್ನು ಮಾಡಿದನಂತೆ. ಆ ಮನುಷ್ಯನ ಪೀಳಿಗೆಯವರೇ ಇವರು. ಹೆಣ್ಣೊಂಟೆಯನ್ನು ಮಾರುವಂತಿಲ್ಲ, ಹಾಲು ಮಾರುವಂತಿಲ್ಲ, ಮಕ್ಕಳನ್ನು ಕಂಡ ಹಾಗೆ ಕಾಣಬೇಕು.

ಅತ್ತೆ ಬಂದು ಇದನ್ನು ನನಗೆ ಹೇಳಿ, "ಅಂದ್ರ ನಮ್ಮ ಶಿವಾನ ಒಂಟಿ ಅಂತಾತು. ಮೊದಲs ಹೇಳಿದ್ರ ನಾ ಅಷ್ಟ ಬಯ್ತಿದ್ದಿಲ್ಲ ಬಿಡ" ಎಂದರು. ಆಮೇಲಿಂದ ಒಂಟೆಯ ನಾತದ ಬಗ್ಗೆ ಅವರು ಮಾತೆತ್ತಲಿಲ್ಲ. ಕೂದಲು ಸೇರಿಸಿ ಹೊಸೆದ ದಾರವನ್ನು ಮಗುವಿನ ಎಡಗೈಗೆ ಕಟ್ಟಿದರು.

ಮಗನಿಗೆ ಮಲ್ಲಿಕಾರ್ಜುನ ಎಂದು ಹೆಸರಿಟ್ಟೆವು. ಮಲ್ಲು. ಕಪ್ಪು ಕೂದಲು ತುಂಬಿದ ತಲೆ, ಮುಷ್ಟಿ ಬಿಚ್ಚದ ಕೈ. ರೂಪಿ ದಿನಾ ಮಧ್ಯಾಹ್ನ ಹಿತ್ತಲ ಬಾಗಿಲಿಗೆ ಬಂದು ಕೂರುತ್ತಿದ್ದಳು. ಅವಳಿಗೆ ಮಕ್ಕಳಿರಲಿಲ್ಲ. "ವೈನಿ, ನಿಮ್ಮ ಮಗಾ ನಮ್ಮ ಮರಿ ಹಂಗs ಗುರ್ ಅಂತಾನ" ಎಂದು ನಗುತ್ತಿದ್ದಳು. ಮರಿ ಅಷ್ಟು ಹೊತ್ತಿಗೆ ಚಪ್ಪರದ ತುಂಬ ಓಡಾಡಿ ಒಣಗಲಿಟ್ಟ ಹಸಿ ಹಂಚುಗಳ ಮೇಲೆ ಹೆಜ್ಜೆ ಮೂಡಿಸಿ ಕೆಲಸಗಾರರಿಂದ ಬೈಗುಳ ತಿನ್ನುತ್ತಿತ್ತು. ಬಾಣಂತಿ ಕೋಣೆಯ ಕತ್ತಲೆಯಲ್ಲಿ, ಸೊಪ್ಪಿನ ಹೊಗೆಯ ನಡುವೆ ಮಲಗಿದ್ದ ನನಗೆ ಹೊರಗಿನ ಜಗತ್ತಿನ ಸುದ್ದಿ ಎಂದರೆ ರೂಪಿ ಹೇಳುವ ಮರಿಯ ತಂಟೆಗಳೇ. ಅಷ್ಟು ಸುಖವಾಗಿದ್ದೆ ಎಂದು ಈಗ ಹೇಳಲು ಹೆದರಿಕೆಯಾಗುತ್ತದೆ.

ಪುನರ್ವಸು ಮಳೆ ಎಡೆಬಿಡದೆ ಹೊಯ್ಯಿತು. ಕಣಕುಂಬಿಯ ಕಾಡಿನ ನೀರೆಲ್ಲ ಮಲಪ್ರಭೆಗೆ ಇಳಿದು ಹೊಳೆ ಊರಿನ ಅಂಚಿಗೆ ಬಂತು. ಮಗುವಿಗೆ ಎದೆ ಕಟ್ಟಿತು. ಡಾಕ್ಟರು ಎರಡು ಸಲ ಬಂದು ಹೋದರು, ಸೂಜಿ ಚುಚ್ಚಿದರು. ಬೆಳಗಾವಿಗೆ ಒಯ್ಯೋಣವೆಂದರೆ ರಸ್ತೆಯ ಮೇಲೆ ಮರ ಬಿದ್ದಿದ್ದವು. ಅದೇ ಸಂಜೆ ಚಪ್ಪರದ ಹೊರಗೆ ಭೂರಿಯ ಮರಿ ತೊಯ್ದ ಜೇಡಿಯ ಮೇಲೆ ಜಾರಿ, ಹಿಂದಿನ ಕಾಲು ಎರಡೂ ಕಡೆ ಸೀಳಿಕೊಂಡು ಬಿತ್ತು. ಏಳಲಿಲ್ಲ. ಬೆಳಗಾಗುವಷ್ಟರಲ್ಲಿ ಮರಿ ಹೋಗಿತ್ತು. ಹೊತ್ತೇರುವ ಮೊದಲು ನನ್ನ ತೊಡೆಯ ಮೇಲೆ ಮಲ್ಲುವೂ ಹೋದ.

ಆಮೇಲಿನದು ನನಗೆ ತುಂಡುತುಂಡಾಗಿ ನೆನಪಿದೆ. ಅತ್ತೆ ಹಣೆಗೆ ವಿಭೂತಿ ಹಚ್ಚಿದ್ದು. ಇವರು ಕಂಬಳಿ ಕೊಪ್ಪೆ ಹಾಕಿಕೊಂಡು ಬಂದು ಕೈ ಚಾಚಿದ್ದು. ನಾನು ಕೊಡಲಿಲ್ಲ. ಅತ್ತೆ ನನ್ನ ಬೆರಳನ್ನು ಒಂದೊಂದಾಗಿ ಬಿಡಿಸಿದರು. "ನಾನೂ ಬರ್ತೀನಿ" ಎಂದು ಎದ್ದೆ. "ಹುಚ್ಚಿ ಏನ ನೀ? ಹಡದಾಕಿ ಮಣ್ಣಿಗೆ ಹೋಗಬಾರದು" ಎಂದು ಅತ್ತೆ ಬಾಗಿಲಿಗೆ ಅಡ್ಡ ನಿಂತರು. ನಮ್ಮ ಮನೆತನದಲ್ಲಿ ಹಸುಗೂಸನ್ನು ತಾಯಿಗೆ ಕಾಣದಂತೆ ಒಯ್ಯಬೇಕು, ಜಾಗವನ್ನು ಅವಳಿಗೆ ತಿಳಿಸಬಾರದು, ಮಣ್ಣು ಕೊಟ್ಟು ಬರುವವರು ತಿರುಗಿ ನೋಡಬಾರದು. ನೋಡಿದರೆ ಕೂಸಿನ ಜೀವ ಹಿಂದೆಯೇ ಬರುತ್ತದೆ, ಮುಂದೆ ಹುಟ್ಟುವವನ್ನೂ ಉಳಿಯಗೊಡುವುದಿಲ್ಲ ಎಂದು. ಹೊಸ್ತಿಲು ದಾಟುತ್ತಿದ್ದ ಮಗನಿಗೆ ಅತ್ತೆ ಕೂಗಿ ಹೇಳಿದ್ದು ನನಗೆ ಕೇಳಿಸಿತು. "ಬಸು, ತಿರುಗಿ ನೋಡಬ್ಯಾಡಪಾ!" ರೂಪಿ ತೊಯ್ದ ಬಟ್ಟೆಯಲ್ಲಿಯೇ ಒಳಗೆ ಬಂದು ನನ್ನನ್ನು ತಬ್ಬಿ ಕುಳಿತಳು. ಅವಳ ಮೈಯಿಂದ ಒಂಟೆಯ ವಾಸನೆ ಬರುತ್ತಿತ್ತು. ಅತ್ತೆ ಆ ದಿನ ಅವಳನ್ನು ಏಳು ಎನ್ನಲಿಲ್ಲ.

ಇವರು ಬಹಳ ಹೊತ್ತಿನ ಮೇಲೆ ಮೊಣಕಾಲ ತನಕ ಕೆಸರಾಗಿ ಬಂದರು. ಎಲ್ಲಿ ಎಂದು ನಾನು ಕೇಳಿದೆ. ಹೇಳಲಿಲ್ಲ.

ಅಂದಿನಿಂದ ಭೂರಿ ಕೂಗಲು ಶುರುಮಾಡಿತು. ಅದೂ ಜಾರಿ ಬಿದ್ದೀತೆಂದು ಹರಜಿ ಮಳೆ ಮುಗಿಯುವ ತನಕ ಅದನ್ನು ಚಪ್ಪರದಲ್ಲೇ ಕಟ್ಟಿಹಾಕಿದ್ದ. ಒಡಕು ಕೊಡದೊಳಗೆ ಯಾರೋ ಉಸಿರು ಊದಿದ ಹಾಗೆ, ಹೊಟ್ಟೆಯ ತಳದಿಂದ ಬರುವ ಸ್ವರ. ಬೆಳಗಿನಲ್ಲಿ, ಮಧ್ಯಾಹ್ನದಲ್ಲಿ, ಮಳೆ ಸ್ವಲ್ಪ ನಿಂತಾಗ, ಮತ್ತೆ ಹಿಡಿದಾಗ. ಹಾಲು ಬತ್ತಲೆಂದು ಅತ್ತೆ ನನ್ನ ಎದೆಗೆ ಮಲ್ಲಿಗೆ ಹೂ ಇಟ್ಟು ಬಿಗಿಯಾಗಿ ಬಟ್ಟೆ ಕಟ್ಟಿದ್ದರು. ಭೂರಿ ಕೂಗಿದಾಗಲೆಲ್ಲ ಬಟ್ಟೆ ತೊಯ್ಯುತ್ತಿತ್ತು. ಈ ಮಾತನ್ನು ನಾನು ಯಾರಿಗೂ ಹೇಳಲಿಲ್ಲ. ಹೇಳಿದ್ದರೆ ನನಗೆ ಗಾಳಿ ಸೋಕಿದೆ ಎಂದು ನೂಲು ಕಟ್ಟಿಸಲು ಓಡಾಡುತ್ತಿದ್ದರು. ಭೂರಿಗೂ ಹಾಲು ಕಟ್ಟಿ ಕೆಚ್ಚಲು ಕಲ್ಲಾಗಿದೆ, ಮುಟ್ಟಗೊಡುವುದಿಲ್ಲ ಎಂದು ರೂಪಿ ಹೇಳಿದಳು. ನಾವಿಬ್ಬರೂ ಗೋಡೆಯ ಆಚೆ ಈಚೆ ಒಂದೇ ನೋವನ್ನು ತಿನ್ನುತ್ತಿದ್ದೆವು. ಅದು ಬಾಯಿ ಬಿಟ್ಟು ಕೂಗುತ್ತಿತ್ತು, ನಾನು ಬಾಯಿಗೆ ಸೆರಗು ತುರುಕಿಕೊಂಡಿದ್ದೆ.

ಮಹಾನವಮಿಯ ಹೊತ್ತಿಗೆ ಮಳೆ ಬಿಟ್ಟು ನೆಲ ಗಟ್ಟಿಯಾಯಿತು. ಹರಜಿ ಭೂರಿಯನ್ನು ಹೊರಡಿಸಲು ಒಂದು ಇಡೀ ಬೆಳಗು ಪಾಡುಪಟ್ಟ. ಹೋಗುವ ಮುನ್ನ ಅವನು ನಮ್ಮ ಅಂಗಳದಲ್ಲಿ ನಿಂತು ನನ್ನ ಕಡೆ ಏನೋ ಹೇಳಬೇಕೆನ್ನುವಂತೆ ನೋಡಿದ. ಇವರು ಮುಂದೆ ಬಂದು, "ಹೋಗಿ ಬಾ ಹರಜಿ, ದಾರಿ ದೂರ ಐತಿ" ಎಂದು ಅವನ ಭುಜ ಹಿಡಿದು ಕರೆದೊಯ್ದರು. ಒಂಟೆ ಹೋಯಿತು, ಅದರ ಕೂಗು ಹೋಗಲಿಲ್ಲ. ಭಟ್ಟಿಯ ಬಾಗಿಲು ತೆರೆದರೆ, ಕುಕ್ಕರಿನ ಸೀಟಿ ಏಳುವ ಮುನ್ನ, ದೂರದಲ್ಲಿ ರೈಲು ಹೊಳೆಯ ಸೇತುವೆ ಹತ್ತಿದರೆ, ಅದೇ ಸ್ವರ. ಕಿಟಕಿಗೆ ಓಡುತ್ತಿದ್ದೆ. ಖಾಲಿ ಚಪ್ಪರ.

ನನ್ನ ಕಾಟ ತಡೆಯಲಾರದೆ ಇವರು ಒಂದು ದಿನ ದಿಬ್ಬದ ಮೇಲಿನ ಹೊನ್ನೆ ಮರವನ್ನು ತೋರಿಸಿದರು. "ಆ ಮರದ ಬುಡಕ್ಕ" ಎಂದರು, ಅಷ್ಟೇ. ಅಂದಿನಿಂದ ಪ್ರತಿ ಸೋಮವಾರ ಅತ್ತೆ ಗುಡಿಗೆ ಹೋದ ಹೊತ್ತು ನೋಡಿ ಒಂದು ಬಟ್ಟಲು ಹಾಲು ಒಯ್ದು ಆ ಬುಡಕ್ಕೆ ಹೊಯ್ದು ಬರುತ್ತಿದ್ದೆ. ಮರಕ್ಕೆ ತಲೆಯಾನಿಸಿ ಕೂರುತ್ತಿದ್ದೆ. ಆದರೆ ಒಂದು ಮಾತು ಹೇಳುತ್ತೇನೆ. ಅಲ್ಲಿ ಒಮ್ಮೆಯೂ ನನ್ನ ಎದೆ ಏನೂ ಹೇಳಲಿಲ್ಲ. ನಾನೇ ಕಲ್ಲಾಗಿದ್ದೇನೆ, ಹೆತ್ತ ಕೂಸಿನ ಮೇಲೆ ನಿಂತರೂ ಕರುಳು ಮಿಡಿಯದ ಹೆಂಗಸು ಎಂದು ನನ್ನ ಮೇಲೆಯೇ ಹೇಸಿಗೆಪಟ್ಟುಕೊಂಡು ಆ ಚಳಿಗಾಲ ಕಳೆದೆ.

ಬೇಸಿಗೆ ಬಂತು. ಮಳೆಗಾಲಕ್ಕೆ ಬೇಕಾದ ಮಣ್ಣನ್ನು ಹಂಚಿನವರು ಬೇಸಿಗೆಯಲ್ಲೇ ಅಗೆದು ರಾಶಿ ಹಾಕಿಕೊಳ್ಳಬೇಕು. ಹಳೆಯ ಗುಂಡಿ ಮುಗಿದು ಈಗ ದಿಬ್ಬದ ಸರದಿ. ಇವರು ತಾವೇ ಸುಣ್ಣ ಚೆಲ್ಲಿ ಗೆರೆ ಎಳೆದರು. ಹೊನ್ನೆ ಮರವನ್ನೂ ಅದರ ಸುತ್ತಲಿನ ನೆಲವನ್ನೂ ಎಷ್ಟು ಅಗಲವಾಗಿ ಬಿಟ್ಟಿದ್ದರೆಂದರೆ ಅಗೆಯುವವರು, "ಸಾಹೇಬರಿಗೆ ಆ ಗಿಡದ ಮ್ಯಾಲೆ ಏನ ಪ್ರೀತಿ!" ಎಂದು ನಗುತ್ತಿದ್ದರು. ನಾನು ಮಾತ್ರ ಕಿಟಕಿಯಿಂದಲೇ ಇವರಿಗೆ ಕೈ ಮುಗಿದೆ. ದಿನದಿನಕ್ಕೆ ಗುದ್ದಲಿಗಳು ದಿಬ್ಬವನ್ನು ತಿನ್ನುತ್ತ ಮೇಲೆ ಬಂದವು.

ಆ ವಾರದಲ್ಲಿಯೇ ಒಂದು ಬೆಳಗ್ಗೆ ನಾನು ರೊಟ್ಟಿ ಬಡಿಯುತ್ತಿದ್ದೆ. ಕೂಗು ಕೇಳಿತು. ಎಂದಿನ ಭ್ರಮೆ ಎಂದು ತಲೆ ಎತ್ತಲಿಲ್ಲ. ಅತ್ತೆ ಒಳಗೆ ಬಂದು, "ಗಂಗಾ, ಅದs ಒಂಟಿ ಬಂದೈತಿ" ಎಂದಾಗ ಕೈಯಲ್ಲಿದ್ದ ಹಿಟ್ಟು ನೆಲಕ್ಕೆ ಬಿತ್ತು.

ಭೂರಿಯೇ. ಅದರ ಹಗ್ಗ ಹಿಡಿದು ರೂಪಿ. ಮೈಮೇಲೆ ಬಣ್ಣವಿಲ್ಲ, ಕೈಯಲ್ಲಿ ಬಳೆಯಿಲ್ಲ. ಹರಜಿ ಚಳಿಜ್ವರದಲ್ಲಿ ದಾರಿಯಲ್ಲಿಯೇ ತೀರಿಕೊಂಡಿದ್ದ. ಅವಳು ಮೈದುನನ ಕುಟುಂಬದೊಡನೆ ಬಂದು ಬೆಳಗಾವಿಯಾಚೆ ಸಾಂಬ್ರಾದ ಹೊಲದಲ್ಲಿ ಬಿಡಾರ ಹೂಡಿದ್ದಳು. "ಇಕಿ ಅಲ್ಲಿ ಮೇಯಲಿಲ್ಲ ವೈನಿ. ಖಾನಾಪುರದ ದಿಕ್ಕಿಗೆ ಮಾರಿ ಮಾಡಿ ನಿಂದರೂದು. ಎರಡ ಸಲ ಹಗ್ಗ ಹರದಳು. ನಾ ಇಕೀನ ಕರಕೊಂಡ ಬಂದಿಲ್ಲ, ಇಕೀನs ನನ್ನ ಎಳಕೊಂಡ ಬಂದಾಳ" ಎಂದಳು. ನಾನು ಅವಳ ಬರಿಗೈ ಹಿಡಿದುಕೊಂಡೆ. ನಾನು ಏನಾದರೂ ಹೇಳುವ ಮೊದಲೇ ಭೂರಿ ಜಗ್ಗಿತು. ರೂಪಿ ಹಗ್ಗ ಬಿಟ್ಟಳು.

ಅದು ಚಪ್ಪರದ ಕಡೆ ನೋಡಲಿಲ್ಲ. ಬಗಲಿನಿಂದ ದಾಟಿ, ಗುಂಡಿಯ ಅಂಚು ಹಿಡಿದು ದಿಬ್ಬ ಹತ್ತಿತು. ಹೊನ್ನೆ ಮರದ ಕಡೆ ಹೋಗುತ್ತದೆ ಎಂದುಕೊಂಡು ನಾನೂ ಹಿಂದೆ ನಡೆದೆ. ಮರವನ್ನು ಮೂಸಿ ಸಹ ನೋಡದೆ ಅದು ಮುಂದೆ ಹೋಯಿತು. ಸುಣ್ಣದ ಗೆರೆ ದಾಟಿ ಒಳಗೆ, ಅಗೆಯುವವರ ಎದುರಿಗೇ, ಬರಿಯ ಒಣ ಹುಲ್ಲಿದ್ದ ಒಂದು ಜಾಗಕ್ಕೆ ಹೋಗಿ ನಿಂತಿತು. ಕೊರಳು ಇಳಿಸಿ ನೆಲ ಮೂಸಿತು. ಒಂದು ಸುತ್ತು ಹಾಕಿತು. ಮತ್ತೆ ಮೂಸಿತು. ಆಮೇಲೆ ತಲೆಯೆತ್ತಿ ಆ ಸ್ವರ ತೆಗೆಯಿತು. ಅದರ ಕಣ್ಣಿನಿಂದ ನೀರು ಇಳಿದು ಮೂಗಿನ ತನಕ ಹರಿದ ಗೆರೆಯನ್ನು ನಾನು ಹತ್ತಿರದಿಂದ ನೋಡಿದೆ. ಅಗೆಯುವವರು ಗುದ್ದಲಿ ಇಳಿಸಿ ನಿಂತುಬಿಟ್ಟರು. "ಮರೀನ ಇಲ್ಲೆ ಹುಗದಿರಬೇಕ ನೋಡ" ಎಂದು ಯಾರೋ ಪಿಸುಗುಟ್ಟಿದರು.

ನಾನು ಇವರ ಕಡೆ ತಿರುಗಿದೆ. ಅಳತೆಯ ಕೋಲು ಹಿಡಿದು ನಿಂತಿದ್ದವರ ಮುಖ ಬೂದಿಯಾಗಿತ್ತು. ಅಲ್ಲಿಯೇ ಮಣ್ಣಿನ ಮೇಲೆ ಕುಕ್ಕರಿಸಿದರು.

"ಅಲ್ಲೇ... ಅಲ್ಲೇ ಅದಾನ, ಗಂಗಾ" ಎಂದರು.

"ಯಾರ್ರಿ?"

"ಮಲ್ಲು."

ಆ ದಿನದ ಕಥೆ ನನಗೆ ತಿಳಿದದ್ದು ಹೆಚ್ಚುಕಡಿಮೆ ಒಂದು ವರ್ಷ ತಡವಾಗಿ, ಕೆಲಸಗಾರರ ಎದುರಿಗೆ, ಒಂಟೆಯ ಕಾಲ ಬುಡದಲ್ಲಿ. ಹೊಳೆಯಾಚೆಗಿದ್ದ ನಮ್ಮ ರುದ್ರಭೂಮಿಗೆ ಅಂದು ದಾರಿಯಿರಲಿಲ್ಲ. ಕೂಸನ್ನು ಕೊಪ್ಪೆಯೊಳಗೆ ಮುಚ್ಚಿಕೊಂಡು ಇವರು ಎತ್ತರದ ನೆಲ ಹುಡುಕಿ ದಿಬ್ಬಕ್ಕೆ ಹೋದರೆ ಅಲ್ಲಿ ಹರಜಿ ಮರಿಗಾಗಿ ಆಳವಾದ ಕುಣಿ ತೋಡಿದ್ದ. ಇವರು ಬೇರೆ ಕುಣಿ ತೋಡಲು ಹೋದರು. ಅಗೆದಷ್ಟೂ ನೀರು ತುಂಬಿತು, ಅಂಚು ಕುಸಿಯಿತು. ಮಣ್ಣನ್ನು ಬಲ್ಲ ಮನುಷ್ಯನಿಗೆ ಅಂದು ಮಣ್ಣು ಜಾಗ ಕೊಡಲಿಲ್ಲ. ಆಗ ಹರಜಿ, "ಇಲ್ಲೇ ಮಲಗಸು ಭಾವು. ಎರಡೂ ಕೂಸ. ಒಂದಕ್ಕೊಂದು ಬೆಚ್ಚಗ ಇರ್ತಾವ" ಎಂದನಂತೆ.

ಮುಚ್ಚುವ ಮೊದಲು ಹರಜಿ ಕೆಳಗೆ ಹೋಗಿ ಭೂರಿಯನ್ನು ಹಿಡಿದು ತಂದ. ಜಾರುವ ಕೆಸರಿನಲ್ಲಿ, ತಾನೂ ಬೀಳುತ್ತ ಏಳುತ್ತ. ಕುಣಿಯ ಸುತ್ತ ನಡೆಸಿದ. ಮೂಸಲು ಬಿಟ್ಟ. "ತಾಯಿ ನೋಡಬೇಕು ಭಾವು. ನೋಡದಿದ್ರ ಇರೂ ತನಕ ಹುಡುಕ್ತಾಳ" ಎಂದು ಹೇಳಿ, ಸುತ್ತ ನೋಡಿ ಕೇಳಿದನಂತೆ, "ವೈನಿ ಎಲ್ಲಿ?"

"ನಮ್ಮ ಹೆಂಗಸರು ಬರೂದಿಲ್ಲ ಅಂದೆ" ಎಂದು ಇವರು ಹೇಳುವಾಗ ಹೊಟ್ಟೆಯಿಂದ ಬಂದ ಸ್ವರ ಭೂರಿಯ ಸ್ವರಕ್ಕಿಂತ ಬೇರೆಯಾಗಿರಲಿಲ್ಲ. "ಮಣ್ಣ ಕೊಟ್ಟೆ, ಬಂದೆ. ಅವ್ವ ತಿರುಗಿ ನೋಡಬ್ಯಾಡ ಅಂದಿದ್ಲು, ನಾ ನೋಡ್ಲಿಲ್ಲ. ಮಳಿ ನಿಂತ ಮ್ಯಾಲೆ ಹೋದ್ರ ದಿಬ್ಬದ ತುಂಬ ಹುಲ್ಲು. ಎಲ್ಲಾ ಒಂದs ಕಾಣಾಕ ಹತ್ತಿತು. ಹರಜಿನ್ನ ಕೇಳಬೇಕಂದ್ರ ಬಾಯಿ ಬರ್ಲಿಲ್ಲ. ಒಂಟಿ ಮರಿ ಬಾಜೂಕ ನಿನ್ನ ಮಗನ್ನ ಮಲಗಿಸೇನಿ ಅಂತ ನಿನಗ ಹೆಂಗ ಹೇಳಲಿ? ಗುರುತಿಗೆ ಇರ್ಲಿ ಅಂತ ಗಿಡಾ ತೋರಿಸಿದೆ. ಅದರ ಸುತ್ತs ಎಲ್ಲೋ ಇರಬೇಕು ಅಂತ ಅಗಲ ಬಿಟ್ಟು ಗೆರಿ ಎಳದೆ."

ನನಗೆ ಸಿಟ್ಟು ಬಂತು. ಆ ಸಿಟ್ಟನ್ನು ಇಂದಿಗೂ ಪೂರ್ತಿ ಬಿಟ್ಟಿಲ್ಲ. ಅಷ್ಟು ತಿಂಗಳು ಬರೀ ಮರದ ಬುಡಕ್ಕೆ ಹಾಲು ಹೊಯ್ದಿದ್ದೆ. ನಾನು ಕಲ್ಲೆಂದು ನನ್ನನ್ನೇ ಬಯ್ದುಕೊಂಡಿದ್ದೆ. ಆ ಗುದ್ದಲಿಗಳು ಇನ್ನೆರಡು ದಿನ ನಡೆದಿದ್ದರೆ ನನ್ನ ಮಗ ಮಣ್ಣಿನ ರಾಶಿಗೆ ಹೋಗಿ, ಅಚ್ಚಿಗೆ ಹೋಗಿ, ಭಟ್ಟಿಗೆ ಹೋಗಿ, ಯಾರದೋ ಮನೆಯ ಮಾಡಿನ ಹಂಚಾಗುತ್ತಿದ್ದ. ಒಂಟೆಗೆ ತೋರಿಸಿದರು, ನನಗೆ ತೋರಿಸಲಿಲ್ಲ. ಅದಕ್ಕೆ ಗೊತ್ತಿತ್ತು, ನನಗೆ ಗೊತ್ತಿರಲಿಲ್ಲ. ಇದನ್ನೆಲ್ಲ ಕೂಗಿ ಹೇಳಬೇಕೆಂದು ಬಾಯಿ ತೆರೆದೆ. ಆದರೆ ಅಷ್ಟರಲ್ಲಿ ಎದೆ ಜುಮ್ಮೆಂದಿತು. ಒಣಗಿ ಎಷ್ಟೋ ತಿಂಗಳಾದ ಎದೆ. ನಾನು ಭೂರಿಯ ಕಾಲ ಹತ್ತಿರ ಆ ನೆಲಕ್ಕೆ ಎರಡೂ ಅಂಗೈ ಊರಿ ಕುಳಿತೆ, ಮನಸಾರೆ ಅತ್ತುಬಿಟ್ಟೆ. ಒಬ್ಬನೇ ಇಲ್ಲವಲ್ಲ, ಕತ್ತಲೆಯಲ್ಲಿ, ನೀರಿನಲ್ಲಿ ಒಬ್ಬನೇ ಇಲ್ಲವಲ್ಲ ಎಂಬ ಒಂದು ಸಮಾಧಾನ ಎಲ್ಲಿಂದಲೋ ಬಂದು ನನ್ನನ್ನು ಹಿಡಿದುಕೊಂಡಿತು.

ಅತ್ತೆ ದಿಬ್ಬ ಹತ್ತಿ ಬಂದರು. ಇನ್ನು ಮಡಿ ಮೈಲಿಗೆಯ ಗಲಾಟೆ ಎದ್ದೇ ಏಳುತ್ತದೆ ಎಂದು ಇವರು ತಲೆ ತಗ್ಗಿಸಿದರು. ಅತ್ತೆ ಮಗನನ್ನೂ ನೋಡಿದರು, ಒಂಟೆಯನ್ನೂ ನೋಡಿದರು. "ಪಾರ್ವತಿ ಕೈಲೆ ಮಾಡಿದ್ದಂತ ಹರಜಿ ಹೇಳಿದ್ದ. ಪರಕೀ ಅಲ್ಲ ಬಿಡ" ಎಂದು ಸೆರಗಿನ ಗಂಟಿನಿಂದ ವಿಭೂತಿ ತೆಗೆದು ಆ ನೆಲದ ಮೇಲೆ ಎರಡು ಕಡೆ ಹಚ್ಚಿದರು. ಆಮೇಲೆ ನನ್ನ ಬೆನ್ನಿನ ಹಿಂದೆ ಕುಳಿತು, "ನಿನ್ನ ಬಿಡಬೇಕಾಗಿತ್ತವಾ ಅವತ್ತ" ಎಂದರು. ಆ ಒಂದು ಮಾತಿಗೆ ನಾನು ಅವರ ಕೊನೆಗಾಲದ ತನಕ ಅವರ ಸೇವೆ ಮಾಡಿದೆ.

ಭೂರಿ ಆ ದಿನ ಅಲ್ಲಿಂದ ಕದಲಲಿಲ್ಲ. ಬಿಸಿಲು ಇಳಿದ ಮೇಲೆ ಮೊಣಕಾಲು ಮಡಚಿ ಅಲ್ಲಿಯೇ ಕುಳಿತಿತು. ನಾನು ಒಂದು ಬದಿ, ರೂಪಿ ಒಂದು ಬದಿ ಅದಕ್ಕೆ ಒರಗಿ ಕುಳಿತೆವು. ಇವರು ಮಾಲೀಕರ ಮನೆಗೆ ಹೋಗಿ ಇದ್ದದ್ದನ್ನು ಇದ್ದ ಹಾಗೆ ಹೇಳಿ ಬಂದರು. ಮರುದಿನ ಸುಣ್ಣದ ಗೆರೆ ಅಳಿಸಿ ಬೇರೆ ಗೆರೆ ಎಳೆದರು. ಅಗೆಯುವವರು ಆ ಜಾಗ ಬಿಟ್ಟು ಸುತ್ತಿಕೊಂಡು ಹೋದರು. ಮಳೆಗಾಲ ಬಂದಾಗ ಗುಂಡಿ ತುಂಬಿ, ನಡುವೆ ಆ ತುಂಡು ನೆಲ ಉಳಿಯಿತು.

ರೂಪಿ ಆಮೇಲೆ ಎರಡು ಬೇಸಿಗೆ ಬಂದಳು. ಭೂರಿ ಎರಡು ಸಲವೂ ಅಲ್ಲಿಯೇ ನಿಂತಿತು. ಎರಡನೆಯ ಸಲ ನನ್ನ ಸೊಂಟದಲ್ಲಿ ಸವಿತಾ ಇದ್ದಳು. ಮೂರನೆಯ ಬೇಸಿಗೆ ನಾನು ದಾರಿ ಕಾದೆ. ಬರಲಿಲ್ಲ. ಮುಂದೆಯೂ ಬರಲಿಲ್ಲ. ಕಾರ್ಖಾನೆ ಕುಂಟತೊಡಗಿದ ಮೇಲೆ ಇವರಿಗೆ ಬೆಳಗಾವಿಯಲ್ಲಿ ಕೆಲಸ ಸಿಕ್ಕಿತು, ನಾವು ಅಲ್ಲಿನ ಟಿಳಕವಾಡಿಗೆ ಬಂದೆವು. ಅಲ್ಲಿ ಗುಜರಿಗೆ ಹಾಕಲು ತೆಗೆದಿಟ್ಟ ಯಾವುದೋ ಹಳೆಯ ಪತ್ರಿಕೆಯಲ್ಲಿ ಒಮ್ಮೆ ಓದಿದೆ. ಚಳಿಯ ಮರುಭೂಮಿಗಳ ಕಡೆ ಹಿಂದಿನ ಕಾಲದಲ್ಲಿ ದೊಡ್ಡ ದೊರೆಗಳನ್ನು ಗುರುತಿಲ್ಲದಂತೆ ಹೂಳುತ್ತಿದ್ದರಂತೆ. ಜಾಗ ತಮಗೆ ಮರೆಯಬಾರದೆಂದು ತಾಯೊಂಟೆಯ ಕಣ್ಣೆದುರಿಗೇ ಅದರ ಮರಿಯನ್ನು ಅಲ್ಲಿ ಕೊಲ್ಲುತ್ತಿದ್ದರಂತೆ. ಮರುವರ್ಷ ತಾಯಿಯನ್ನು ಬಿಟ್ಟರೆ ಅದು ಹೋಗಿ ಅಲ್ಲಿ ನಿಂತು ಅಳುತ್ತಿತ್ತಂತೆ. ಪತ್ರಿಕೆ ಮಡಚಿಟ್ಟು ನಾನು ಅಂಗಳಕ್ಕೆ ಬಂದೆ. ಲೋಕದ ಭಾರವನ್ನೆಲ್ಲ ಒಂಟೆಯ ಬೆನ್ನಿಗೆ ಹೇರಿದ ಮನುಷ್ಯ ತನ್ನ ಮರೆವನ್ನೂ ಅದರ ಮೇಲೆಯೇ ಹೇರಿದ. ನನ್ನ ಮಗನಿಗಾಗಿ ಯಾರೂ ಮರಿಯನ್ನು ಕೊಲ್ಲಲಿಲ್ಲ ಎಂಬುದೊಂದೇ ನಾನು ಹಿಡಿದುಕೊಂಡ ನೆಮ್ಮದಿ.

ಅಗೆದು ನೋಡಿದಿರಾ, ಖಾತ್ರಿಯೇನು ಎಂದು ಯಾರಾದರೂ ಕೇಳಬಹುದು. ನೋಡಿಲ್ಲ. ಭೂರಿ ನಿಂತದ್ದೇ ಖಾತ್ರಿ.

ಸೋಮವಾರ ನಾವು ಮೂವರೂ ಖಾನಾಪುರಕ್ಕೆ ಹೋದೆವು. ಕಾರ್ಖಾನೆ ಮುಚ್ಚಿದೆ, ಚಿಮಣಿಯ ಬಾಯಲ್ಲಿ ಆಲದ ಸಸಿ ಎದ್ದಿದೆ. ಗುಂಡಿಯ ನೀರು ಬತ್ತಿತ್ತು. ಒಣಗಿ ಬಿರಿದ ಜೇಡಿಯ ಮೇಲೆ ನಡೆದು ನಡುವಿನ ತುಂಡು ನೆಲ ಹತ್ತಿದೆವು. ನಾನು ತಂದ ಹಾಲನ್ನು ಹೊಯ್ದೆ.

"ಇಲ್ಲಿ ಏನೈತಿ ಅವ್ವಾ?" ಎಂದು ಸವಿತಾ ಕೇಳಿದಳು.

"ನಿಮ್ಮಣ್ಣ ಅದಾನ" ಎಂದೆ. ಅವಳಿಗೆ ಅದನ್ನು ಹೇಳಿದ್ದು ಅದೇ ಮೊದಲು.

ಅವಳು ನೆಲವನ್ನೇ ನೋಡಿದಳು. "ಒಬ್ಬನs?"

"ಇಲ್ಲವಾ. ಅವನ ಜೋಡಿ ಒಂದು ಒಂಟಿ ಮರಿ ಐತಿ."

ಅವಳಿಗೆ ಅದು ವಿಚಿತ್ರವೆನಿಸಲಿಲ್ಲ. ಕೂತು ಎರಡು ಕಡೆ ಅಂಗೈಯಿಂದ ಮಣ್ಣು ಸವರಿದಳು. ಬಸ್ಸಿನ ಹೊತ್ತಾಯಿತೆಂದು ಇವರು ಎದ್ದರು. ಎಂದಿನಂತೆ ನಮಗಿಂತ ಮುಂದೆ, ಬಿರಬಿರನೆ, ಕೊರಳು ಅಲುಗಿಸದೆ ನಡೆದರು. ಅತ್ತೆ ತೀರಿಕೊಂಡು ಮೂರು ವರ್ಷವಾದರೂ ಅಂದು ಹೊಸ್ತಿಲಲ್ಲಿ ಅವರು ಹಾಕಿದ ಕೂಗು ಇವರ ಬೆನ್ನ ಮೇಲೆ ಹಾಗೆಯೇ ಕುಳಿತಿತ್ತು. ನಾನು ಸವಿತಾಳ ಕೈ ಹಿಡಿದು ತಿರುತಿರುಗಿ ನೋಡುತ್ತಲೇ ಗುಂಡಿ ದಾಟಿದೆ. ರಸ್ತೆಗೆ ಬಂದು ನಿಂತು ಕೂಗಿದೆ.

"ರೀ, ಒಮ್ಮೆ ತಿರುಗಿ ನೋಡ್ರಿ."

ಅವರು ನಿಂತರು. ಬಹಳ ಹೊತ್ತು ಬೆನ್ನು ಮಾಡಿಯೇ ನಿಂತಿದ್ದರು. ಆಮೇಲೆ ಮೆಲ್ಲಗೆ, ಮೈಯೆಲ್ಲ ನೋಯುವವರ ಹಾಗೆ ತಿರುಗಿದರು. ಬಸ್ಸು ಬಂದು ಎರಡು ಸಲ ಹಾರ್ನ್ ಹಾಕಿ ಕಾಯಿತು, ಕಂಡಕ್ಟರ್ ಕೂಗಿದ, ಹೊರಟೂ ಹೋಯಿತು. ಅವರು ಇನ್ನೂ ನೋಡುತ್ತ ನಿಂತಿದ್ದರು.